ಯಮನೂರಪ್ಪ ತತ್ತಿ ಹುರಿದದ್ದು

ಅಡುಗೆಮನೆಯಲ್ಲಿ ಯಾರಾದರೂ ಸುಳ್ಳು ಹೇಳಿದರೆ ಊರಿನ ಎಲ್ಲ ಒಲೆಗಳಂತೆ ಈ ಮನೆಯ ಒಲೆಯೂ ಪಟ್ಟನೆ ಆರಿಹೋಗುತ್ತಿತ್ತು. ರೇಣವ್ವನನ್ನು ಮದುವೆಯಾಗಿ ಆಕೆಯ ಮನೆಗೆ ಬಂದ ಯಮನೂರಪ್ಪನಿಗೆ ಇವತ್ತು ಅದೇ ಸಂಕಟ. ಆಕೆ ಬೆಳಗಿನ ಪಾಳಿಗೆ ಹೋಗಿದ್ದಳು. ಆಕೆಯ ಮಕ್ಕಳಿಬ್ಬರಿಗೆ ಅವನು ಮೊದಲ ಸಲ ತಿಂಡಿ ಮಾಡಿ ಮನಸ್ಸು ಗೆಲ್ಲಬೇಕಿತ್ತು.

"ಕಾಕಾ, ತತ್ತಿ ಹುರಿಯಾಕ ಬರ್ತದೇನ್ರಿ?" ಎಂದಳು ದೊಡ್ಡವಳು ಕಸ್ತೂರಿ.

"ಬರದ ಏನವ್ವಾ! ದಿನಾ ಮಾಡ್ತಿದ್ದೆ."

ಒಲೆ ಆರಿತು. ಮಕ್ಕಳು ಕಿಸಕ್ಕೆಂದರು.

"ಹೋಗ್ಲಿ, ಒಂದೆರಡು ಸಲ," ಎಂದು ಮತ್ತೆ ಹಚ್ಚಿದ. ಮತ್ತೆ ಆರಿತು.

"ಮಾಡೋದು ನೋಡೀನಿ," ಎಂದು ಹಚ್ಚಿದ ಮೇಲೆ ಉರಿ ಆರದೆ ಉಳಿಯಿತು.

ತತ್ತಿ ಸೀದಿತು, ಬ್ರೆಡ್ಡು ಕರಕಲಾಯಿತು. ಒಲೆಯ ಮೇಲೆ ಹಾಲಿಟ್ಟು, ಸಣ್ಣವ ಪರಸುವನ್ನು ಕೇಳಿದ: "ಹೆಂಗೈತೋ?"

"ಭಾಳ ಕೆಟ್ಟೈತ್ರಿ."

ಉರಿ ಅಲುಗಲಿಲ್ಲ. ಯಮನೂರಪ್ಪನ ಮುಖ ಸಣ್ಣದಾಯಿತು. "ಹಂಗಾರ ನಾಳೆಯಿಂದ ಅವ್ವನ ಕೈಲೇ ಮಾಡಿಸ್ಕೊಳ್ರಿ."

"ಹೂಂ," ಎಂದಳು ಕಸ್ತೂರಿ ತಟ್ಟೆಯನ್ನೇ ನೋಡುತ್ತ, "ನೀವು ಮಾಡ್ದಿದ್ರ ನಮಗೇನೂ ಬ್ಯಾಸರಿಲ್ಲ."

ಒಲೆ ಆರಿತು.

"ಗ್ಯಾಸ್ ಮುಗದಿರ್ಬೇಕ್ರಿ," ಎಂದು ಹುಡುಗಿ ಗೊಣಗಿದಳು.

"ಇರಬೇಕವ್ವಾ," ಎಂದು ಯಮನೂರಪ್ಪ ನಗು ನುಂಗಿಕೊಂಡು ಇನ್ನೆರಡು ತತ್ತಿ ಒಡೆದ.