ಲ್ಯಾಮಿನೇಟ್ ಮಾಡಿಸಿದ ವರದಿ

ಕಸ ಆಯುವ ಮೊಫಿಜುಲ್‌ನನ್ನು ಬಾಂಗ್ಲಾದವನೆಂದು ಪೊಲೀಸರು ಹಿಡಿದು ಎರಡು ದಿನವಾಗಿತ್ತು. ಸಂಜೆಯ ರೈಲಿನಲ್ಲಿ ಗಡಿಗೆ ಸಾಗಿಸುತ್ತಾರೆಂಬ ಸುದ್ದಿ ಬಂದದ್ದೇ ತಡ, ವರದಿಗಾರ್ತಿ ಎದ್ದೆನೋ ಬಿದ್ದೆನೋ ಎಂದು ಠಾಣೆಗೆ ಓಡಿಬಂದಳು. ಅವನ ಹೆಂಡತಿ ರಹೇಲಾ ಆಗಲೇ ಇನ್‌ಸ್ಪೆಕ್ಟರ್ ಮೇಜಿನೆದುರು ನಿಂತಿದ್ದಳು. ಕಾಗದಪತ್ರಗಳೆಲ್ಲ ಗುಡಿಸಲಿನ ಜೊತೆ ಸುಟ್ಟುಹೋಗಿದ್ದವು. ಒಂಬತ್ತು ವರ್ಷದ ಹಿಂದೆ ಅವನ ಬಗ್ಗೆ ವರದಿಗಾರ್ತಿ ಬರೆದಿದ್ದ ವರದಿಯಿದ್ದ ಪತ್ರಿಕೆಯ ಹಾಳೆಯೊಂದು ಮಾತ್ರ ಉಳಿದಿತ್ತು. ಕನ್ನಡ ಓದಲು ಬಾರದಿದ್ದರೂ ರಹೇಲಾ ಅದನ್ನು ಲ್ಯಾಮಿನೇಟ್ ಮಾಡಿಸಿಟ್ಟಿದ್ದಳು.

"ಓದಿ ಸಾಬ್, ಎಲ್ಲಾ ಇದ್ರಲ್ಲಿದೆ. ನಮ್ದು ಅಸ್ಸಾಂ. ಜಮೀನು ನದಿ ತಿಂತು, ಅದಕ್ಕೇ ಇಲ್ಲಿ ಬಂದ್ವಿ."

ಇನ್‌ಸ್ಪೆಕ್ಟರ್ ನಿಧಾನವಾಗಿ ಓದಿ ತಲೆಯೆತ್ತಿದರು. "ಇದ್ರಲ್ಲಿ ಅನ್ವರ್ ಅಂತಿದೆಯಲ್ಲಮ್ಮಾ. ನಿನ್ನ ಗಂಡನ ಹೆಸರೆಲ್ಲಿ?"

ರಹೇಲಾ ಕಂಗಾಲಾಗಿ ವರದಿಗಾರ್ತಿಯತ್ತ ತಿರುಗಿದಳು. "ದೀದಿ?"

"ಅವನೇ ಸರ್. ಅವನಿಗೆ ತೊಂದರೆ ಆಗಬಾರದು ಅಂತ ನಾನೇ ಹೆಸರು ಬದಲಾಯಿಸಿದ್ದೆ."

"ಹೋ! ಅಂದ್ರೆ ಅನ್ವರ್, ಮೊಫಿಜುಲ್ ಇಬ್ರೂ ಒಬ್ನೇ. ಗ್ಯಾರಂಟಿನಾ ಮೇಡಂ?"

"ಗ್ಯಾರಂಟಿ. ಎಲ್ಲಿ ಬೇಕಾದ್ರೂ ಸಹಿ ಹಾಕ್ತೀನಿ."

"ಹಾಕಿ ಮತ್ತೆ."

ಇನ್‌ಸ್ಪೆಕ್ಟರ್ ಮುಂದಿಟ್ಟ ಕಾಗದದಲ್ಲಿ ಇಬ್ಬರೂ ಒಬ್ಬನೇ ಎಂದು ಬರೆದು ಅವಳು ಸಹಿ ಹಾಕಿದಳು. ರಹೇಲಾ ಆ ಕೈಯನ್ನೇ ಹಿಡಿದು ಕಣ್ಣಿಗೊತ್ತಿಕೊಂಡಳು.

ಇನ್‌ಸ್ಪೆಕ್ಟರ್ ಕಾಗದವನ್ನು ಪಕ್ಕದ ಪೇದೆಯ ಕೈಗಿತ್ತರು. "ಎರಡು ಹೆಸರಿಟ್ಕೊಂಡು ಓಡಾಡ್ತಿದ್ದ, ಮೇಡಮ್ಮೇ ಸಾಕ್ಷಿ. ಬರ್ಕೊಳ್ರೀ: ಮೊಫಿಜುಲ್ ಅಲಿಯಾಸ್ ಅನ್ವರ್."