ಫ್ರಿಜ್ಜಿನ ಹಿಂದಿನವರು

ಚಳಿ ಶುರುವಾದಾಗಿನಿಂದ ಶಿವರಾತ್ರಿ ಕಳೆಯುವವರೆಗೆ ಜಿರಳೆ ಕೊಂದವರಿಗೆ ಜೈಲು ಎಂಬ ಕಾನೂನು ಬಂದು ಇದು ಮೂರನೆಯ ಚಳಿಗಾಲ. ಫ್ರಿಜ್ಜಿನ ಹಿಂದೆ ಬೆಚ್ಚಗೆ ಕೂತು ಮೀಸೆಯಾಡಿಸುವ ಅವುಗಳನ್ನು ಕಂಡರೆ ವಿಜಯಪುರದ ಗುರುಬಸಮ್ಮನಿಗೆ ಮೈಯೆಲ್ಲ ಉರಿಯುತ್ತಿತ್ತು. ಕೊಲ್ಲಬಾರದು ಎಂದಿದ್ದಾರೆ, ಫ್ರಿಜ್ ಆರಿಸಬಾರದು ಎಂದಿಲ್ಲವಲ್ಲ! ಅವಳು ಸ್ವಿಚ್ ಆರಿಸಿದಳು.

“ಈಗ ನಡುಗ್ರಿ, ಹಾಳಾದವೇ!”

ಮೋಟಾರು ತಣ್ಣಗಾಗುತ್ತಲೇ ಜಿರಳೆಗಳು ಸಾಲುಗಟ್ಟಿ ಹೊರಟವು. ಹೊರಟದ್ದು ಬೀದಿಗಲ್ಲ; ಹಾಸಿಗೆ ಹಿಡಿದಿದ್ದ ಅತ್ತೆಯ ಕೋಣೆಗೆ ನುಗ್ಗಿ ಕೌದಿಯೊಳಗೆ ಸೇರಿಕೊಂಡವು. ಗುರುಬಸಮ್ಮ ಕಸಬರಿಗೆ ಹಿಡಿದು ಹಿಂದೆಯೇ ಓಡಿದಳು.

“ಅತ್ತಿ, ಕೌದಿ ಝಾಡಿಸ್ರಿ!”

ಅತ್ತೆ ಕೌದಿಯನ್ನು ಗಲ್ಲದವರೆಗೂ ಎಳೆದುಕೊಂಡಳು.

“ಈ ಚಳಿಗಾಲದಾಗ ನನ್ನ ಹಾಸಿಗಿ ಹತ್ರ ಬಂದವು ಇವಷ್ಟೇ. ನೀ ಇವತ್ತ ಬಂದಿ, ಅದೂ ಕಸಬರಿಗಿ ಹಿಡ್ಕೊಂಡು.”