ಹೊಲದ ಕರಿಕಲ್ಲು

ಬೀದಿಯಲ್ಲಿ ಯಾರೋ ಕಲ್ಲು ಒಡೆಯುತ್ತಿದ್ದಾರೆ. ಆ ಸುಟ್ಟ ವಾಸನೆ ಮೂಗಿಗೆ ಬಡಿದರೆ ಇವತ್ತಿಗೂ ನನಗೆ ಅವ್ವನ ಬುಟ್ಟಿ ನೆನಪಾಗುತ್ತದೆ.

ಕಲಘಟಗಿ ಕಡೆಯ ನಮ್ಮ ಹೊಲದಲ್ಲಿ ಪ್ರತಿ ವರ್ಷ ಬಿತ್ತನೆಗೆ ಮೊದಲು ಅವ್ವ ಕರಿಕಲ್ಲು ಆರಿಸಿ, ಬುಟ್ಟಿಗಟ್ಟಲೆ ಹೊತ್ತು ಬದುವಿಗೆ ಸುರಿಯುತ್ತಿದ್ದಳು. ಮುಂದಿನ ವರ್ಷ ಕುಂಟೆ ಹೊಡೆದರೆ ಮತ್ತೆ ಅಷ್ಟೇ ಕಲ್ಲು. "ಹ್ವಾದ ವರ್ಷ ನೆಟ್ಟಗ ಆರಿಸಿಲ್ಲ ನೀ," ಎಂದು ಅಜ್ಜಿ, ಅಪ್ಪನ ತಾಯಿ, ಬದುವಿನ ಮೇಲೆ ಕೂತು ಬೈಯುತ್ತಿದ್ದಳು. ಅವ್ವ ಎದುರಾಡುತ್ತಿರಲಿಲ್ಲ. ಅದಕ್ಕೂ ಕಸುವು ಬೇಕಲ್ಲ.

ಒಂದು ಮಧ್ಯಾಹ್ನ ಕಲ್ಲಿನ ವಯಸ್ಸು ಹುಡುಕುವ ಮೇಡಂ ಒಬ್ಬರು ಬಂದು, ಹೊಲದ ನಡುವೆ ತಲೆ ಎತ್ತಿದ್ದ ಬಂಡೆಯನ್ನು ಸುತ್ತಿಗೆಯಿಂದ ಒಡೆದರು. ಅದೇ ವಾಸನೆ. ಒಳಗೆ ಸಣ್ಣ ಹರಳುಗಳು ಮಿಂಚಿದವು.

"ಭೂಮಿಯೊಳಗಿನ ಬೆಂಕಿಯಂಥಾ ರಸ ಬಿರುಕಿನ್ಯಾಗ ಏರಿ ಆರಿದ್ದು ಇದು. ಹರಳು ಪರೀಕ್ಷಾ ಮಾಡಿ ವಯಸ್ಸು ಹೇಳ್ತೀವ್ರಿ. ಇನ್ನೂರು ಕೋಟಿ ವರ್ಷ ದಾಟಿರಬೇಕು," ಎಂದರು.

"ನೆಟ್ಟಗ ಆರಿಸಿದ್ರ ಮುಗೀತಾವಲ್ರಿ?" ಅಜ್ಜಿ ಕೇಳಿದಳು.

"ಇಲ್ರಿ ಅಜ್ಜಿ. ಹೊಲದ ಕೆಳಗ ಇದ ಕಲ್ಲು ಗ್ವಾಡಿಯಂಗ ಆಳಕ್ಕ ಇಳದೈತಿ. ಮ್ಯಾಲಿಂದು ಒಡದು ಬರತಿರತೈತಿ. ಯಾರು ಆರಿಸಿದ್ರೂ ಮುಗಿಯಂಗಿಲ್ಲ."

ಅಜ್ಜಿ ಬದುವಿನ ಉದ್ದಕ್ಕೂ ಬಿದ್ದಿದ್ದ ಕಲ್ಲಿನ ರಾಶಿಯ ಮೇಲೆ ಕಣ್ಣಾಡಿಸಿದಳು. ಅವ್ವ ಸೊಂಟದ ಮೇಲಿನ ಬುಟ್ಟಿಯನ್ನು ಇನ್ನೂ ಇಳಿಸಿರಲಿಲ್ಲ. ಅಜ್ಜಿ ಎದ್ದು ಹೋಗಿ ಅದನ್ನು ಕಸಿದುಕೊಂಡಳು.

"ಕುಂಡ್ರು. ನೀರ ಕುಡಿ."

ಆಮೇಲೆ ತಾನೇ ಬಗ್ಗಿ ಒಂದೊಂದೇ ಕಲ್ಲು ಆರಿಸುತ್ತ, ನೆಲಕ್ಕೆ ಹೇಳುವಂತೆ, "ನಮ್ಮತ್ತಿನೂ ನನಗ ಹಿಂಗ ಬೈತಿದ್ಲು," ಎಂದಳು.